ಸತ್ತೆವ್ವನ ಸರ್ಕಾರಿ ಜಡ್ಡು

ಅಥಣಿ ತಾಲೂಕಿನ ಇತಿಹಾಸವನ್ನು ಮುಂದೆ ಯಾರಾದರೂ ಬರೆಯುವುದಾದರೆ, ೧೯೮೮ರ ಏಪ್ರಿಲ್ ತಿಂಗಳ ಒಂದು ಮುಂಜಾನೆ ಕುರಿಗಾರ ಮಲಕಾರಿಯ ಹೆಂಡತಿ ಸತ್ತೆವ್ವ ಕೆಮ್ಮಿದ ಸಂಗತಿಯನ್ನು ಬಿಡಬಾರದೆಂದು ವಿನಂತಿ. ಮನೆಮಂದಿಯೆಲ್ಲ ಕೈಯಲ್ಲಿದ್ದ ಕೆಲಸ ಬಿಟ್ಟು ನಿಂತರು.

ಕಾರಣವಿತ್ತು. ಸೊಸೆ ತಾರವ್ವ ಊರ ಸರ್ಕಾರಿ ಶಾಲೆಯಲ್ಲಿ ಹಂಗಾಮಿ ಶಿಕ್ಷಕಿ. ಹಂಗಾಮಿಯವರು ಬೇಸಿಗೆ ಸೂಟಿಗೆ ಮುಂಚೆ 'ಸ್ವಂತ ಇಚ್ಛೆಯಿಂದ' ರಾಜಿನಾಮೆ ಬರೆದುಕೊಡಬೇಕು. ಜೂನ್‌ನಲ್ಲಿ ಮೇಲಿನವರಿಗೆ ಮನಸ್ಸಾದರೆ ಹೊಸದಾಗಿ ನೇಮಕ. ಸೇವೆ ಹೀಗೆ ನಡುನಡುವೆ ತುಂಡಾಗುವುದರಿಂದ ಖಾಯಂ ಆಗುವ ಮಾತೇ ಏಳುವುದಿಲ್ಲ. ಸ್ವಂತ ಇಚ್ಛೆಗೂ ಒಂದು ಕಾರಣ ಬೇಕಲ್ಲ? 'ಅತ್ತೆಯವರ ಆರೋಗ್ಯ ತೀರ ಕೆಟ್ಟಿರುವುದರಿಂದ' ಎಂದು ತಾರವ್ವ ವರ್ಷವರ್ಷವೂ ಬರೆಯುತ್ತಿದ್ದಳು. ಅತ್ತೆಯೋ, ಹಾಯಲು ಬಂದ ಟಗರನ್ನು ಕೊಂಬು ಹಿಡಿದು ನಿಲ್ಲಿಸುವವಳು.

"ಬರದ ಬರದ ಕರದೀ ಜಡ್ಡನ್ನ," ಎಂದಳು ಸತ್ತೆವ್ವ ಸೊಸೆಗೆ, ಎದೆ ಹಿಡಿದುಕೊಂಡು. "ಈಗ ನೋಡ, ಬಾಗಲಾಗ ಬಂದ ನಿಂತೈತಿ."

"ಬರವಲ್ದ್ಯಾಕ," ಎಂದ ಮಲಕಾರಿ. "ಈ ಸಲ ಬರದದ್ದು ಖರೇನ ಆಕ್ಕೈತಿ."

"ನಿನ್ನ ಹೆಸರಲೆ ಬರೀಲಿ, ನೀ ಮಲಗ."

ಮೂಢನಂಬಿಕೆ ಹೀಗೆ ಒಮ್ಮೊಮ್ಮೆ ದಾರಿ ತಪ್ಪಿ ಸರಿಯಾದ ಪಕ್ಷಕ್ಕೆ ಸೇರಿಕೊಳ್ಳುತ್ತದೆ.

ತಾರವ್ವನ ಅಂಜಿಕೆ ಬೇರೆ. ಬೋರಗಾಂವ ಕಡೆಯ ದಶರಥ ಅವಳಂತೆಯೇ ಹಂಗಾಮಿ; ಖಾಯಂ ಮಾಡಿರೆಂದು ಬೆಂಗಳೂರಿನಲ್ಲಿ ಕೇಸು ಹಾಕಿದ್ದ. ಸರ್ಕಾರದ ವಕೀಲರು ಅವನ ರಾಜಿನಾಮೆಗಳನ್ನೇ ಮುಂದಿಟ್ಟು, ಬಿಟ್ಟು ಹೋದವನು ಇವನೇ ಎಂದರು. ಕೇಸು ಬಿದ್ದಿತು. ಈಗ ಅವನು ಮಗ್ಗದ ಕೆಲಸಕ್ಕೆ ಹೋಗುತ್ತಿದ್ದ. ನಿಪ್ಪಾಣಿ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಾಗ, "ನನ್ನ ಅಕ್ಷರನ ನನ್ನ ಕುತಗಿ ಹಿಡೀತ್ರಿ, ಅಕ್ಕೋರ," ಎಂದಿದ್ದ. ಈ ಸಲ ರಾಜಿನಾಮೆಯನ್ನೇ ಬರೆಯುವುದಿಲ್ಲವೆಂದಳು ತಾರವ್ವ.

"ಒಂದ ಕಾಗದಾ ಬರದ ಕೊಟ್ರ ಕೈ ಸವೀತೈತೇನ?" ಎಂದ ಮಲಕಾರಿ. "ಕುರಿ ಕಾಯೂ ಮನಿತನ, ಸರ್ಕಾರದ ಕೂಡ ಹಟಾ ಹಿಡಿಯೂದ?"

"ವರ್ಸಕ್ಕೊಮ್ಮಿ ಹೊಸಾಕಿ ಆಗಾಕ ನಾ ಏನ ಹಾವೇನ್ರಿ ಮಾವಾರ, ಪೊರಿ ಬಿಡಾಕ?"

"ಜೂನದಾಗ ಕರೀಲಿಲ್ಲಂದ್ರ?"

ತಾರವ್ವನ ಗಂಡ ಬಾಳಾಸಾಬ ಇಬ್ಬರ ಮಾತಿಗೂ ತಲೆಯಾಡಿಸಿ ಕುರಿಗಳತ್ತ ಹೋದ.

ಶಾಲೆಯಲ್ಲಿ ಹೆಡ್‌ಮಾಸ್ತರ ಶ್ರೀಪಾಲ ಬಿಳಿ ಹಾಳೆ ಮುಂದಿಟ್ಟರು. ಒಳ್ಳೆಯ ಮನುಷ್ಯ, ಮೇಲಿನ ಕಚೇರಿಯ ಜೀಪಿನ ಸಪ್ಪಳ ಕೇಳಿದರೆ ಎದ್ದು ನಿಲ್ಲುವವರು.

"ಎಲ್ಲಾರೂ ಕೊಟ್ಟಾರ್ರಿ ಅಕ್ಕೋರ, ನೀವೊಬ್ರ ಉಳದೀರಿ. ಅತ್ತೀ ಜಡ್ಡ ಬರೀರಿ, ರೂಢಿ ಐತಲ್ಲ."

ತಾರವ್ವ ಹಾಳೆಯನ್ನು ಅವರ ಕಡೆಗೇ ಸರಿಸಿದಳು. "ನಮ್ಮತ್ತಿ ಆರಾಮ ಅದಾರ್ರಿ, ಸರ."

"ಹಂಗಾರ ಮತ್ತ ಯಾರಿಗೆ ಆರಾಮಿಲ್ಲ?"

"ಎಲ್ಲಾರೂ ಆರಾಮ ಅದಾರ್ರಿ. ನನಗ ನೌಕರಿ ಬಿಡೂ ಮನಸ್ಸಿಲ್ಲ. ಬೇಕಾದ್ರ ಅದನ್ನ ಬರದ ಕೊಡ್ತೇನ್ರಿ."

ಶ್ರೀಪಾಲರು ಬಾಗಿಲ ಕಡೆ ನೋಡಿ ದನಿ ತಗ್ಗಿಸಿದರು. "ನಾಳೆ ನಿಮ್ಮನ್ನ ಕರೀದಿದ್ರ ನನ್ನ ಮ್ಯಾಲ ಸಿಟ್ಟಾಗಬ್ಯಾಡ್ರಿ. ನನಗೂ ಹೆಂಡ್ರ ಮಕ್ಕಳದಾರ."

"ಇಲ್ರಿ ಸರ. ನಿಮಗೂ ಅಂಜಿಕಿ ಐತಿ, ನನಗೂ ಐತಿ."

ಹಾಳೆ ಖಾಲಿಯೇ ಉಳಿಯಿತು. ಹೊರಗೆ ಬಂದವಳು ಪಡಸಾಲೆಯಲ್ಲಿ ನಿಂತಳು. ಒಳಗೆ ಮಕ್ಕಳು ಅವಳೇ ಕಲಿಸಿದ ಪಾಠವನ್ನು ಕೂಗಿ ಓದುತ್ತಿದ್ದರು. ನಿಜ ಹೇಳಬೇಕೆಂದು ಮಕ್ಕಳಿಗೆ ಕಲಿಸುವವರಿಂದ ವರ್ಷಕ್ಕೊಂದು ಸುಳ್ಳು ಬರೆಸಿಕೊಳ್ಳುವ ಈ ಪದ್ಧತಿ ಯಾರದೆಂದು ಅಲ್ಲಿಯವರೆಗೆ ಯಾರೂ ಕೇಳಿರಲಿಲ್ಲ. ಎಲ್ಲರಿಗೂ ಜೂನ್ ತಿಂಗಳ ಭಯ.

ಜೂನ್‌ನಲ್ಲಿ ತಾರವ್ವನನ್ನು ಕರೆಯಲಿಲ್ಲ. ಆಕೆ ಕೇಸು ಹಾಕಿದಳು. ರಾಜಿನಾಮೆ ಇಲ್ಲದೆ ಆಕೆಯನ್ನು ತೆಗೆದದ್ದು ತಪ್ಪೆಂದು ೧೯೯೩ರಲ್ಲಿ ತೀರ್ಪಾಯಿತು; ಅದೇ ಶಾಲೆಗೆ ಖಾಯಂ ಶಿಕ್ಷಕಿಯಾಗಿ ಹಾಜರಾದಳು. ಹಿಂದೆ ರಾಜಿನಾಮೆ ಬರೆದುಕೊಟ್ಟ ವರ್ಷಗಳು ಸೇವೆಯಲ್ಲಿ ಸೇರಲಿಲ್ಲ.