ಎಡಗಾಲಿಗೊಂದು ಚಾಪಾನ್

ಕುಬಾನ್‌ನ ಎಡಗಾಲು ಚೆಂಡಿಗೆ ತಾಗಿತೆಂದರೆ ಎದುರು ಗೋಲ್‌ಕೀಪರನ ಹಲ್ಲುಗಳು ಪಕ್ಕದ ಕಣಿವೆಯಲ್ಲಿ ಸಿಗುತ್ತಿದ್ದವು ಎಂದು ಕೊಚ್ಕೋರ್ ಊರಿನವರು ಹೇಳುತ್ತಾರೆ. ಅದೂ ಸ್ವಲ್ಪ ಕಡಿಮೆ ಮಾಡಿಯೇ ಹೇಳುತ್ತಾರೆ. ಇಪ್ಪತ್ಮೂರಕ್ಕೇ ಆ ಕಾಲು ಮುಗಿಯಿತು. ಕುಂಬಳಕಾಯಿಯಂತೆ ಊದಿದ ಮಂಡಿಗೆ ತರಬೇತುದಾರ ಶರ್ಶೆನ್ ನೋವು ಮರೆಸುವ ಸೂಜಿ ಚುಚ್ಚಿಸಿ ಚುಚ್ಚಿಸಿ ಆಡಿಸಿದ್ದ. ಮಂಡಿ ಹರಿದ ಮೇಲೆ, ಹುಡುಗ ಕುಡಿದು ಬಿದ್ದ ಎಂದು ಪತ್ರಿಕೆಯವರಿಗೆ ಹೇಳಿ ಕೈ ತೊಳೆದುಕೊಂಡ. ಸೋಮವಾರ ರಾಜಧಾನಿ ಬಿಷ್ಕೆಕ್‌ನಲ್ಲಿ ಅವನ ಮೇಲಿನ ದೂರಿನ ವಿಚಾರಣೆ. ಅಲ್ಲಿ ನಿಜ ಹೇಳಿ ಕುಡುಕನೆಂಬ ಹೆಸರು ಕಳೆದುಕೊಳ್ಳಬೇಕು. ಕುಬಾನ್‌ಗೆ ಉಳಿದಿದ್ದ ಆಸೆ ಅದೊಂದೇ.

ಹಿಂದಿನ ದಿನ ಅಣ್ಣ ಮೆಲಿಸ್ ಕುರಿ ಕಡಿಸಿದ. "ನಿನ್ನ ಆಟಕ್ಕೆ ಊರಿನೋರು ಮರ್ಯಾದೆ ಮಾಡ್ತಾರೆ ಕಣೋ."

ಬೆಟ್ಟದಷ್ಟು ಮಾಂಸ, ಕೆರೆಯಷ್ಟು ಕುಮಿಸ್ ಎಂಬ ಹುಳಿಸಿದ ಕುದುರೆ ಹಾಲು. ಬಿಳಿಗಡ್ಡದ ಹಿರಿಯರೆಲ್ಲ ಬಂದರು. ಅವರ ಬೆನ್ನ ಹಿಂದೆ ಶರ್ಶೆನ್! ಕುಬಾನ್ ಧಡಕ್ಕನೆ ಎದ್ದ. ತಾಯಿ ಬುರುಲ್ ಅವನ ತೋಳು ಹಿಡಿದೆಳೆದಳು.

"ಮನೆಗೆ ಬಂದೋರ ಮುಂದೆ ಎದ್ದೋಗ್ತಾರೇನೋ? ಕೂತ್ಕೋ, ಮಗಾ."

ಎಲ್ಲರಿಗಿಂತ ಹಿರಿಯ ಅಸಾನಾಲಿ ಅಜ್ಜ ಮಖಮಲ್ಲಿನ ಚಾಪಾನ್ ಒಂದರ ಮಡಿಕೆ ಬಿಚ್ಚಿ ಹಿಡಿದ. "ತೋಳು ಹಾಕು, ಕೂಸೇ."

ಊರಿನ ಮರ್ಯಾದೆಯ ನಿಲುವಂಗಿ ಇದೇ ಎಂದುಕೊಂಡ ಕುಬಾನ್ ಎರಡೂ ತೋಳು ತೂರಿಸಿದ. ಎಲ್ಲರೂ ಅಂಗೈ ಬಿಚ್ಚಿ ಹರಸಿ, ಮುಖ ಸವರಿಕೊಂಡು "ಓಮಿನ್" ಎಂದರು. ಶರ್ಶೆನ್ ಬಂದು ತಬ್ಬಿಕೊಂಡು ಕಡಾಯಿ ತುಂಬುವಷ್ಟು ಅತ್ತ.

ಅಜ್ಜ ಮೂಳೆ ಚೀಪುತ್ತ ಹೇಳಿದ: "ಇನ್ಮೇಲೆ ಮಂಡಿ ಮಾತು ಎತ್ತೋ ಹಂಗಿಲ್ಲ. ತಪ್ಪಿಗೆ ಅವನು ಕುದುರೆ ಕೊಟ್ಟ, ಚಾಪಾನ್ ಕೊಟ್ಟ. ನೀನು ತೊಟ್ಟೆ. ಜಗಳ ಮುಗೀತು. ಇನ್ನೇನ್ ವಿಚಾರಣೆ?"

ಕುಬಾನ್ ಕೈಲಿದ್ದ ಮಾಂಸ ತಟ್ಟೆಗೆ ಹಾಕಿ ಎದ್ದ. ಕುಂಟುತ್ತ ಅಂಗಳಕ್ಕೆ ಬಂದ. ಮೆಲಿಸ್ ಹೊಸ ಕುದುರೆಯ ಬಾಯಿ ಬಿಡಿಸಿ ಹಲ್ಲು ನೋಡುತ್ತಿದ್ದ.

"ಅಣ್ಣಾ, ಇದು ಮಾಫಿ ಚಾಪಾನ್ ಅಂತ ನಿಂಗೆ ಮೊದ್ಲೇ ಗೊತ್ತಿತ್ತಾ?"

"ಗೊತ್ತಿಲ್ದೆ ಕುರಿ ಕಡಿಸ್ತೀನಾ? ನಿನ್ ಮಂಡಿ ಏನ್ ವಾಪಸ್ ಬರುತ್ತಾ? ಕುದುರೆ ನೋಡೋ, ರೆಕ್ಕೆ ಒಂದು ಕಮ್ಮಿ!"

"ಕುಡುಕ ಅನ್ನೋ ಹೆಸ್ರು ನಂಗೆ, ಕುದುರೆ ನಿಂಗೆ. ಚೆನ್ನಾಗ್ ಹಂಚಿದೀಯ."

ಬುರುಲ್ ಬಾಗಿಲಲ್ಲಿ ನಿಂತು ತಲೆಯ ಸ್ಕಾರ್ಫು ಸರಿಮಾಡಿಕೊಳ್ಳುತ್ತಿದ್ದಳು.

"ಅವ್ವಾ, ನಿಂಗೂ ಗೊತ್ತಿತ್ತಾ?"

"ಊರಿನ ಜೊತೆ ಬಾಳ್ಬೇಕಲ್ಲಪ್ಪಾ..."

ಮಂಡಿ ಹರಿದಾಗಲೂ ಕುಬಾನ್ ಇಷ್ಟು ಕುಗ್ಗಿರಲಿಲ್ಲ. ಸೂಜಿ ಚುಚ್ಚಿಸಿದವನು ಹೇಗಿದ್ದರೂ ಹೊರಗಿನವನು.

ಸೋಮವಾರ ಬೆಳಿಗ್ಗೆ ಬಿಷ್ಕೆಕ್ ವ್ಯಾನಿನ ಚಾಲಕ ಅವನನ್ನು ನೋಡಿ ಕಣ್ಣರಳಿಸಿದ. "ಚಾಪಾನ್ ತೊಟ್ಟೋನು ಎಲ್ಲಿಗಪ್ಪಾ? ಊರು ನಿನ್ ಮುಖಕ್ಕೆ ಉಗಿಯುತ್ತೆ!"

"ಉಗೀಲಿ. ನೀನು ಬಾಗಿಲು ತೆಗಿ."

ಮಗನನ್ನು ಹರಸಿ ಕಳಿಸಲು ಬುರುಲ್ ಅಂಗೈ ಬಿಚ್ಚಿಕೊಂಡು ಓಡಿ ಬಂದಳು. ಆಶೀರ್ವಾದ ಪಡೆಯದೆ ಆ ಮನೆಯಿಂದ ಯಾರೂ ಹೊರಟವರಲ್ಲ. ಕುಬಾನ್ ಕಾಲನ್ನು ಕೈಯಿಂದ ಎತ್ತಿ ಒಳಗಿಟ್ಟುಕೊಂಡು, ತಾನೇ ಬಾಗಿಲೆಳೆದುಕೊಂಡ.