ಎದುರಿನವರ ಸರದಿ

ಲಿಗೆರಿ ಮೂವತ್ತೊಂದು ಸಿನಿಮಾಗಳ ನಾಯಕಿ. ಅಥೆನ್ಸಿನಲ್ಲಿ ಅವಳು ಕಾಫಿ ಕುಡಿಯಲು ಕೂತರೆ ಬೀದಿಯೇ ನಿಂತು ನೋಡುತ್ತದೆ. ಅಂಥವಳು ಮಾನಿ ಸೀಮೆಯ ಕಲ್ಲುಗುಡ್ಡಗಳ ನಡುವಿನ ತನ್ನೂರಿಗೆ ಬಂದು, ಎಣ್ಣೆಗಾಣದ ಮನೆಯೊಳಗೆ ಹಿಂದಿನ ಬೆಂಚಿನಲ್ಲಿ ಅಂಗೈ ಒರೆಸಿಕೊಳ್ಳುತ್ತ ಕೂತಿದ್ದಳು. ಊರಿಗಿದು ಮೊದಲ ಸಿನಿಮಾ, ಅದೂ ಅವಳದೇ. ಭಾನುವಾರ ಮಧ್ಯಾಹ್ನ, ಕಿಟಕಿಗಳಿಗೆಲ್ಲ ಕಂಬಳಿ ಕಟ್ಟಿದ್ದರು. ಮುಂದಿನ ಸಾಲಿನಲ್ಲಿ ಅವಳ ತಾಯಿ ಕನೆಲ್ಲಾ. ಮಗಳ ಕಡೆ ತಿರುಗಿಯೂ ನೋಡಿರಲಿಲ್ಲ.

ಮಾತು ಬಿಟ್ಟು ಎಂಟು ವರ್ಷ. ಅಪ್ಪ ಯಾನಾಕೋಸ್ ಸತ್ತನೆಂಬ ತಂತಿ ಬಂದಾಗ ಲಿಗೆರಿ ಶೂಟಿಂಗ್ ಬಿಟ್ಟು ಬರಲಿಲ್ಲ. ಈ ಊರಲ್ಲಿ ಹೆಣದ ಮುಂದೆ ಹೆಂಗಸರು ಹಾಡಿಕೊಂಡೇ ಅಳಬೇಕು. ಒಬ್ಬಳು ನಿಲ್ಲಿಸಿದರೆ ಎದುರಿನವಳು ಎತ್ತಿಕೊಳ್ಳಬೇಕು. ನಡುವೆ ಮೌನ ಬಿದ್ದರೆ ಸತ್ತವರಿಗೆ ಅವಮಾನ. ಕನೆಲ್ಲಾ ಸುತ್ತೂರಿಗೆಲ್ಲ ಹೆಸರಾದ ಹಾಡುಗಾರ್ತಿ. ಅಂದು ಅವಳು ನಿಲ್ಲಿಸಿದಾಗ ಮಗಳ ಜಾಗ ಖಾಲಿಯಿತ್ತು. ಊರೆಲ್ಲ ನೋಡಿತು. ತಪ್ಪು ತನ್ನದೇ ಎಂದು ಲಿಗೆರಿಗೂ ಗೊತ್ತು.

"ನಿನ್ನ ರಾಣಿ ಬಂದಿದ್ದಾಳಲ್ಲೇ," ಪಕ್ಕದ ಮನೆಯ ಗರುಫಾಲ್ಯಾ ಚುಚ್ಚಿದಳು. "ಸಿನಿಮಾದಲ್ಲಾದ್ರೂ ಅಳೋಕೆ ಬರುತ್ತೇನೇ ಅವಳಿಗೆ?"

"ನಾನು ಗಾಣ ನೋಡೋಕೆ ಬಂದಿದ್ದೀನಿ. ಬಾಯಿ ಮುಚ್ಕೊಂಡು ಕೂತ್ಕೋ."

ತೆರೆಯ ಮೇಲೆ ಲಿಗೆರಿ ಸತ್ತ ಅಣ್ಣನ ಮುಂದೆ ಕೂತಳು. ಈ ದೃಶ್ಯಕ್ಕಾಗಿ ಅವಳು ನಿರ್ದೇಶಕನ ಜೊತೆ ಎರಡು ದಿನ ಜಗಳವಾಡಿದ್ದಳು. "ನಿಜವಾಗಿ ಸತ್ತೋರಿಲ್ದೆ ನಮ್ಮ ಕಡೆ ಯಾರೂ ಈ ಹಾಡು ಹಾಡಲ್ಲ. ಸತ್ತ ಅಣ್ಣನಿಗೆ ಹೆಸರು ನಾನೇ ಇಡ್ತೀನಿ," ಎಂದಿದ್ದಳು.

"ಇಟ್ಕೊಳ್ಳಿ ಮೇಡಂ. ಆದ್ರೆ ಹಾಡಿನ ಮಧ್ಯೆ ಅಷ್ಟು ಹೊತ್ತು ಸುಮ್ನಿರ್ತೀರಲ್ಲ, ಅದನ್ನ ಕತ್ತರಿಸ್ತೀನಿ."

"ಅದು ಎದುರಿನವರ ಸರದಿ."

"ಎದುರಿಗೆ ಯಾರಿದ್ದಾರೆ?"

"ಇರ್ತಾರೆ. ಕತ್ತರಿಸಿದ್ರೆ ನಾನು ಈ ಸಿನಿಮಾದಲ್ಲೇ ಇರಲ್ಲ."

ಈಗ ಅವಳ ದನಿ ಗಾಣದ ಮನೆಯ ತುಂಬ ಎದ್ದಿತು. "ಯಾನಾಕೋಸ್, ನಮ್ಮನೆ ಕಂಬವೇ, ಯಾರ ಹೆಗಲಿಗೆ ಮನೆ ಬಿಟ್ಟು ಹೋದೆ?" ಗಂಡನ ಹೆಸರು ಕೇಳಿ ಕನೆಲ್ಲಾಳ ತಲೆ ಥಟ್ಟನೆ ಮೇಲೆದ್ದಿತು. ತೆರೆಯ ಮೇಲಿನ ಮಗಳು ಮುಖವೆತ್ತಿ, ಹಾಡು ನಿಲ್ಲಿಸಿ, ಕಾದಳು.

ಹಿಂದಿನ ಬೆಂಚಿನಲ್ಲಿ ಲಿಗೆರಿ ಕಣ್ಣು ಮುಚ್ಚಿಕೊಂಡಳು. ಇನ್ನು ಎರಡು ಕ್ಷಣ ಕಳೆದರೆ ಮೌನ ಬೀಳುತ್ತದೆ, ಆಮೇಲೆ ಈ ಜನ್ಮಕ್ಕೆ ಮುಗಿಯಿತು.

ಕನೆಲ್ಲಾ ಎದ್ದು ನಿಂತಳು. "ತಡವಾಗಿ ಬಂದಳು ಯಾನಾಕೋಸ್, ಬಾಗಿಲು ನಾನು ಹಾಕಿರಲಿಲ್ಲ!" ಎಂಟು ವರ್ಷ ಕಟ್ಟಿಟ್ಟ ದನಿ ಗೋಡೆಗೆ ಹೋಗಿ ಬಡಿಯಿತು. ಗಾಬರಿಬಿದ್ದ ಆಪರೇಟರ್ ಮೆಷಿನ್ ನಿಲ್ಲಿಸಿದ. ಯಾರೋ ಕಿಟಕಿಯ ಕಂಬಳಿ ಎಳೆದು ಬೆಳಕು ಬಿಟ್ಟರು. ಕನೆಲ್ಲಾ ಹಾಡು ನಿಲ್ಲಿಸಿ, ತೆರೆಗೆ ಬೆನ್ನು ಹಾಕಿ, ಹಿಂದಿನ ಬೆಂಚನ್ನು ನೋಡುತ್ತ ಕಾದಳು.

ಲಿಗೆರಿ ಎದ್ದಳು. ಕ್ಯಾಮೆರಾ ಇಲ್ಲ, ಬಣ್ಣವಿಲ್ಲ. ಅಪ್ಪನಿಗಾಗಿ, ತನ್ನ ಜಾಗದಲ್ಲಿ ನಿಂತು, ಎದೆತುಂಬಿ ಹಾಡಿದಳು. ಊರ ಹೆಂಗಸರೆಲ್ಲ ದನಿಗೂಡಿಸಿದರು.

ಹಾಡು ಮುಗಿದಾಗ ಕನೆಲ್ಲಾ ಗರುಫಾಲ್ಯಾಳತ್ತ ತಿರುಗಿದಳು. ಕೆನ್ನೆ ಒರೆಸಿಕೊಳ್ಳಲೂ ಇಲ್ಲ.

"ಕೇಳಿಸ್ತೇನೇ? ನನ್ನ ಮಗಳು ಅವಳು."