ಜಗಲಿ ಏರದ ಜಾಯ್‌ಸ್ಟಿಕ್

ನನ್ನ ಮೈದುನ ಭೀಮೇಶನಂಥ ಬಡಾಯಿಕೋರ ಇಡೀ ಸುರಪುರದಲ್ಲಿ ಇನ್ನೊಬ್ಬನಿಲ್ಲ. ಹಳೆಯ ಕಂಪ್ಯೂಟರುಗಳನ್ನು ಕೂಡಿಸಿ ಗೇಮ್ ಅಂಗಡಿ ತೆರೆದವರು ನನ್ನ ಗಂಡ ಗುರಣ್ಣ. ಭತ್ತದ ರಾಶಿ ಮಷಿನ್ನಿಗೆ ಇವರ ಎಡಗೈಯ ಮೂರು ಬೆರಳು ಹೋದದ್ದೇ ತಡ, ಗಲ್ಲಾದ ಕುರ್ಚಿಯಲ್ಲಿ ಆ ಭೀಮೇಶ ಬಂದು ಕುಕ್ಕರಿಸಿದ. ಕೀಬೋರ್ಡ್ ಒತ್ತಲಾರದವನಿಗೆ ಅಂಗಡಿ ಯಾಕೆ, ಕಾರ್ ರೇಸಿನಲ್ಲಿ ನನ್ನನ್ನು ಸೋಲಿಸಿದರೆ ಕುರ್ಚಿ ಬಿಡುತ್ತೇನೆ ಎಂದು ಗಿರಾಕಿಗಳ ಮುಂದೆಯೇ ಅಂದ. ಸ್ವಂತ ಅಣ್ಣನಿಗೆ! ನಾಚಿಕೆಗೆಟ್ಟವನು.

ಇವರು ಮನೆಗೆ ಬಂದು ಗೋಡೆ ನೋಡುತ್ತ ಕೂತರು. ನಾನು ಯಾದಗಿರಿಯಿಂದ ಒಂದು ಜಾಯ್‌ಸ್ಟಿಕ್ ತರಿಸಿದೆ. ಅದನ್ನು ಅಂಗೈಯಲ್ಲಿ ಹಿಡಿದು ಹೆಬ್ಬೆರಳಿನಿಂದ ಆಡಬಹುದು. ದೇವರ ದಯೆ, ಹೆಬ್ಬೆರಳು ಉಳಿದಿತ್ತು. ಆದರೆ ಆ ಆಟ ಓಬೀರಾಯನ ಕಾಲದ್ದು, ಕೀಬೋರ್ಡ್ ಬಿಟ್ಟು ಬೇರೇನನ್ನೂ ಒಪ್ಪದು. ವಿಡಿಯೊ ನೋಡಿ ಒಂದು ಸಾಫ್ಟ್‌ವೇರ್ ಹಾಕಿದೆ. ಜಾಯ್‌ಸ್ಟಿಕ್ಕಿನ ಕೋಲನ್ನು ಎಡಕ್ಕೆ ತಳ್ಳಿದರೆ, ಕೀಬೋರ್ಡಿನ ಎಡಗುಂಡಿ ಒತ್ತಿದರೆಂದೇ ಆಟ ನಂಬುತ್ತದೆ. ಭೀಮೇಶ ಬಿಸಿಲೇರುವ ಮೊದಲು ಏಳುವವನಲ್ಲ. ಅಷ್ಟರೊಳಗೆ ಇವರು ದಿನಾ ಅಂಗಡಿಯಲ್ಲಿ ಕೂತು ರೂಢಿ ಮಾಡಿಕೊಂಡರು.

ಅವನಿಗೆ ಗೊತ್ತಾಗಿ ಬಿದ್ದು ಬಿದ್ದು ನಕ್ಕ. ದಸರೆಯ ಖಂಡೆ ಪೂಜೆಯ ಸಂಜೆಯೇ ಪಂದ್ಯ ಎಂದು ಊರಿಗೆಲ್ಲ ಸಾರಿದ. ಆ ದಿನ ನಾವು ದುಡಿಮೆಯ ಸಾಮಾನನ್ನು ಮನೆಯ ದೇವರ ಜಗಲಿಗೆ ಏರಿಸುತ್ತೇವೆ. ಏರಿಸಿದ್ದನ್ನು ಮರುದಿನ ಬನ್ನಿ ಕೊಡುವ ತನಕ ಮುಟ್ಟುವಂತಿಲ್ಲ. ಭೀಮೇಶನಿಗೆ ಕಂಪ್ಯೂಟರು ಹೊತ್ತು ತರಲು ಮೈಗಳ್ಳತನ, ಹಾಗಾಗಿ ಅಂಗಡಿಯ ಕೀಬೋರ್ಡುಗಳನ್ನು ಒಂದೂ ಬಿಡದೆ ತಂದಿಟ್ಟು ಅರಿಸಿನದ ಭಂಡಾರ ಹಚ್ಚಿದ. ಇವರು ಜಾಯ್‌ಸ್ಟಿಕ್ ತಂದರೆ, "ಆಟಿಗಿ ಸಾಮಾನಿಗೆ ಪೂಜಿ ಯಾಕ?" ಎಂದು ಕಸಿದು ಚಪ್ಪಲಿ ಬಿಡುವ ಮೂಲೆಗೆ ಎಸೆದ. ನಾನು ಎತ್ತಿ ಒರೆಸಿ ಇವರ ಕೈಗೆ ಕೊಟ್ಟೆ.

ಸಂಜೆ ಅಂಗಡಿ ತುಂಬ ಜನ. ಭೀಮೇಶ ಕೀಬೋರ್ಡ್ ಒಯ್ಯಲು ಮನೆಗೆ ಓಡಿಬಂದ. ನಮ್ಮತ್ತೆ ಮಲ್ಲಾಬಾಯಿ ಜಗಲಿಯ ಮುಂದೆಯೇ ಕೂತಿದ್ದರು.

"ಬನ್ನಿ ಕೊಡೂತನ ಕೈ ಹಚ್ಚಿದ್ರ ನೋಡು."

ಕಾಲು ಹಿಡಿದ, ಗೋಗರೆದ. ಅತ್ತೆ ಜಗಲಿ ಬಿಟ್ಟು ಕದಲಲಿಲ್ಲ.

ಬರಿಗೈಯಲ್ಲಿ ತಿರುಗಿ ಹೋದವನು ಕೊನೆಗೆ ಜನರಿಗೆ ಹೆದರಿ ಅಣ್ಣನ ಮುಂದೆಯೇ ಕೈ ಚಾಚಿದ. ಇವರು ಜಾಯ್‌ಸ್ಟಿಕ್ ಕೊಟ್ಟರು. ಮಹಾಶೂರನ ಕಾರು ಮೊದಲ ತಿರುವಿನಲ್ಲೇ ಗೋಡೆಗೆ ಗುದ್ದಿತು, ಹಿಂದೆ ಬಂದು ಮತ್ತೆ ಗುದ್ದಿತು. ಸಾಫ್ಟ್‌ವೇರೇ ಸರಿಯಿಲ್ಲ ಎಂದು ಹಲ್ಕಿರಿದ. ಆಮೇಲೆ ಅದರಲ್ಲೇ ಇವರು ಆಡಿದರು. ಕಾರು ಒಂದು ಗೋಡೆಯನ್ನೂ ಸೋಕದೆ ಗೆರೆ ದಾಟಿತು. ನನ್ನ ಕಣ್ಣು ತುಂಬಿತು, ಸುಳ್ಳು ಯಾಕೆ ಹೇಳಲಿ.

ಕೀಬೋರ್ಡ್ ಇದ್ದಿದ್ದರೆ ತೋರಿಸುತ್ತಿದ್ದೆ ಎಂದು ಗೊಣಗುತ್ತ ಭೀಮೇಶ ಮತ್ತೆ ಗಲ್ಲಾದ ಕುರ್ಚಿಗೇ ಹೋಗಿ ಕೂತ. ಮಾನ ಮರ್ಯಾದೆ ಅನ್ನುವುದು ಹತ್ತಿರ ಸುಳಿದಿದ್ದರೆ ತಾನೇ!

ಇವರು ಅವನೆದುರು ಹೋಗಿ ನಿಂತು, ಜಾಯ್‌ಸ್ಟಿಕ್ಕನ್ನು ಅವನ ಕೈಗೆ ಕೊಟ್ಟರು.

"ಇದನ್ನ ಒಯ್ದು ಅವ್ವನ ಜಗಲಿ ಮ್ಯಾಲ ಇಡು. ಭಂಡಾರ ಹಚ್ಚೋದು ಮರೀಬ್ಯಾಡ. ಏಳು."

ಭೀಮೇಶ ಎದ್ದ. ಇವರು ಕೂತರು.